ಹತ್ತೊಂಬತ್ತು ಗೆರೆಯ ದುಗ್ಗಪ್ಪ

ದುಗ್ಗಪ್ಪ ಸತ್ತು ಹದಿನೈದು ದಿನ ಆಗಿರಲಿಲ್ಲ, ರಿಪ್ಪನ್‌ಪೇಟೆಯ ಜನ ಅವನನ್ನು ಸಿದ್ಧಪುರುಷ ಮಾಡಿಬಿಟ್ಟರು. ಬದುಕಿದ್ದಾಗ ಅವನಿಗೆ ಅರ್ಧ ಲೋಟ ಚಹಾ ಕುಡಿಸಲು ಹಿಂದೆಮುಂದೆ ನೋಡಿದವರು ಈಗ ಬಸ್ ನಿಲ್ದಾಣದ ಕಂಬಕ್ಕೆ ಅರಿಶಿನ ಕುಂಕುಮ ಹಚ್ಚಿ ಕೈ ಮುಗಿಯುತ್ತಾರೆ. ಅಯ್ಯಾ ಮಹಾನುಭಾವರೇ, ಅವನು ಆ ಕಂಬಕ್ಕೆ ಒರಗಿ ಬೀಡಿ ಸೇದುತ್ತಿದ್ದ, ಅಷ್ಟೇ. ತಪಸ್ಸು ಗಿಪಸ್ಸು ಏನೂ ಮಾಡಿರಲಿಲ್ಲ. ನಾನು ನಾರಾಯಣಮೂರ್ತಿ, ಐವತ್ತೆಂಟನೆಯ ಇಸವಿಯಿಂದ ಈ ಅರವತ್ತೊಂಬತ್ತರವರೆಗೆ ಅದೇ ನಿಲ್ದಾಣದಲ್ಲಿ ಬಸ್ ಏಜೆಂಟ್. ಅವನನ್ನು ನನ್ನಷ್ಟು ಹತ್ತಿರದಿಂದ ನೋಡಿದವರಿಲ್ಲ, ನನ್ನಷ್ಟು ಬೈದವರೂ ಇಲ್ಲ. ಆದ್ದರಿಂದ ಅವನ ಜೀವನಚರಿತ್ರೆ ಬರೆಯುವುದಾದರೆ ನಾನೇ ಬರೆಯಬೇಕು.

ಹುಟ್ಟಿದ್ದು ಹಳೇ ಕೋಟೆಯ ಊರು ನಗರದ ಕಡೆಯ ಒಂದು ಹಳ್ಳಿಯಲ್ಲಿ, ಗೇಣಿ ಒಕ್ಕಲಿನ ಮನೆಯಲ್ಲಿ. ಅಣ್ಣತಮ್ಮಂದಿರು ಐದು ಜನ, ಗದ್ದೆ ಒಂದು ತುಂಡು. ಇವನು ಜಗಳ ಮಾಡಿಕೊಂಡು ರಿಪ್ಪನ್‌ಪೇಟೆಗೆ ಬಂದು ಬಸ್ಸಿನ ಮೇಲೆ ಅಡಿಕೆ ಮೂಟೆ ಹೇರುವ ಹಮಾಲಿಯಾದ. ಗಿಡ್ಡ ಕಾಲು, ದಪ್ಪ ಕುತ್ತಿಗೆ, ಬಾಯಿ ತುಂಬ ಎಲೆಯಡಿಕೆ. ಅಕ್ಷರ ಬಾರದು. ಮದುವೆ ಆಗಲಿಲ್ಲ. ಯಾರೂ ಹೆಣ್ಣು ಕೊಡಲಿಲ್ಲ ಎಂದು ನಾನು ಹೇಳುತ್ತಿದ್ದೆ, ತಾನು ಕೇಳಲೇ ಇಲ್ಲ ಎಂದು ಅವನು. ಇಂಥ ಮನುಷ್ಯ ಒಂದು ದಿನ ಕೆಮ್ಮಣ್ಣಿನ ಹೆಂಟೆ ಹಿಡಿದು ನಿಲ್ದಾಣದ ನೆಲದ ಮೇಲೆ ಗೆರೆ ಎಳೆದು, ಇದರಿಂದ ಕತೆಯನ್ನೂ ಹೊತ್ತನ್ನೂ ತಾನು ಹೇಳಿದ ಕಡೆ ತಿರುಗಿಸುತ್ತೇನೆ ಎಂದ. ಕೇಳಿದವರು ನಗಬೇಕಿತ್ತು. ನಗಲಿಲ್ಲ, ಸುತ್ತ ಕೂತರು. ನಮ್ಮ ಊರಿನ ಬುದ್ಧಿವಂತಿಕೆ ಅಷ್ಟು.

ಅವನ ಮನೆಯ ಹೆಂಗಸರು ಮದುವೆಗೆ ಗೋಡೆಯ ಮೇಲೆ ಚಿತ್ತಾರ ಬರೆಯುವವರು. ಅಚ್ಚುಕಟ್ಟಾದ ಕೆಲಸ, ಅದರ ಬಗ್ಗೆ ನಾನು ಒಂದು ಮಾತೂ ಆಡುವುದಿಲ್ಲ. ಆದರೆ ಆ ಚಿತ್ತಾರಕ್ಕೂ ಇವನ ಗೆರೆಗಳಿಗೂ ಯಾವ ಸಂಬಂಧವೂ ಇರಲಿಲ್ಲ. ಇವನ ತಾಯಿ ದುರ್ಗಮ್ಮನೇ ಒಮ್ಮೆ ಸಂತೆಗೆ ಬಂದವಳು ನೋಡಿ, "ಎಂತದ ಇದು, ಕೋಳಿ ಕೆದರ್ದಂಗೆ" ಎಂದು ಹೇಳಿ ಹೋದಳು.

ಗೆರೆಗಳು ಒಟ್ಟು ಹತ್ತೊಂಬತ್ತು. ಇಪ್ಪತ್ತು ಯಾಕಿಲ್ಲವೋ ಎಂದರೆ, "ಇಪ್ಪತ್ತನೇದು ಸಿಕ್ಕಿದ್ರೆ ನಾನ್ಯಾಕೆ ಮೂಟೆ ಹೊರ್ಲಿ ಏಜೆಂಟ್ರೆ?" ಎನ್ನುತ್ತಿದ್ದ. ಮೊದಲನೆಯದು ಒಂದು ಚುಕ್ಕೆ, ಅದರ ಹೆಸರು ಬೀಜ. ಅಲ್ಲಿಂದ ಕತೆ ಮೊಳೆಯುತ್ತದೆ. ಎರಡಾಗಿ ಸೀಳಿದ ಗೆರೆ ಕವಲು. ಅಲ್ಲಿ ಕತೆ ಎರಡು ದಾರಿಯಲ್ಲಿ ಯಾವುದನ್ನು ಬೇಕಾದರೂ ಹಿಡಿಯಬಹುದು. ಕತ್ತಿಯ ಹಾಗೆ ಬಾಗಿದ್ದಕ್ಕೆ ಮರಳಿ ಎಂದು ಹೆಸರು. ಅದನ್ನು ಎಳೆದರೆ ಕತೆಯಲ್ಲಿ ಸತ್ತವನು ಎದ್ದು ಬಂದು ಊಟಕ್ಕೆ ಕೂರುತ್ತಾನೆ. ಒಂದರ ಮೇಲೊಂದು ಮೂರು ಅಡ್ಡಗೆರೆ ಎಳೆದರೆ ಕಟ್ಟ. ಹಳ್ಳಕ್ಕೆ ಕಟ್ಟ ಹಾಕಿದಂತೆ ಅದು ಹೊತ್ತನ್ನು ನಿಲ್ಲಿಸುತ್ತದೆ. ಬಾಲವಿರುವ ಸೊನ್ನೆ ತೂಬು. ತೂಬು ತೆಗೆದರೆ ನಿಂತ ಹೊತ್ತು ಹರಿದುಹೋಗಿ ಮೂರು ತಾಸು ಮೂರೇ ನಿಮಿಷವಾಗುತ್ತದೆ. ಹೀಗೆ ಸಾಗಿ ಕೊನೆಗೆ ಮುಚ್ಚಳ. ಮುಚ್ಚಳ ಬಿದ್ದರೆ ಕತೆ ಮುಗಿಯಿತು, ಕಾಯುವುದು ಮುಗಿಯಿತು, ಬಸ್ಸು ಬಂತು. ಮುಚ್ಚಳ ಬೀಳುವ ಮೊದಲು ಯಾರೂ ಎದ್ದು ಹೋಗಕೂಡದು. ಎದ್ದರೆ ಕತೆ ಅರ್ಧಕ್ಕೆ ನಿಲ್ಲುತ್ತದೆ, ಬಸ್ಸೂ ದಾರಿಯಲ್ಲೇ ನಿಲ್ಲುತ್ತದೆ. ಇದು ಅವನ ಶಾಸ್ತ್ರ.

ಆ ಕಾಲದ ಬಸ್ಸುಗಳ ವಿಷಯ ಹೇಳಬೇಕಾಗಿಲ್ಲ. ಎಂಟು ಗಂಟೆಯ ಬಸ್ಸು ಒಂಬತ್ತಕ್ಕೆ ಬಂದರೆ ಡ್ರೈವರನಿಗೆ ಮಾಲೆ ಹಾಕಬೇಕು ಅನ್ನಿಸುತ್ತಿತ್ತು. ಜನ ಕಾಯುತ್ತ ಕೂರುತ್ತಿದ್ದರು, ದುಗ್ಗಪ್ಪ ಗೆರೆ ಎಳೆಯುತ್ತ ಕತೆ ಹೇಳುತ್ತಿದ್ದ. ಒಂದು ಗೆರೆ, ಒಂದು ತುಂಡು ಕತೆ. ಕೊನೆಗೆ "ಹಾಕ್ದೆ ನೋಡ್ರಪ್ಪ ಮುಚ್ಚಳ" ಎಂದು ಗೆರೆ ಎಳೆದು ಕೈ ಕೊಡವುವುದಕ್ಕೂ ತಿರುವಿನಲ್ಲಿ ಹಾರ್ನ್ ಕೇಳುವುದಕ್ಕೂ ಸರಿಯಾಗುತ್ತಿತ್ತು. ಒಂದು ಸಲವಲ್ಲ, ಎರಡು ಸಲವಲ್ಲ, ಮೂರು ವರ್ಷ! ಕಟ್ಟ ಎಳೆದಾಗ ಹಚ್ಚಿದ ಬೀಡಿ ತೀರುವುದೇ ಇಲ್ಲ ಎಂದು ಪ್ರಮಾಣ ಮಾಡುವವರಿದ್ದರು. ಬೀಡಿ ಹಸಿಯಾಗಿದ್ದರೆ ಯಾರ ಕೈಯಲ್ಲೂ ತೀರುವುದಿಲ್ಲ, ಅದಕ್ಕೆ ಗೆರೆ ಯಾಕೆ ಬೇಕು?

ನನ್ನ ಹೊಟ್ಟೆ ಉರಿಯಿತು, ಸುಳ್ಳು ಯಾಕೆ ಹೇಳಲಿ? ಕಂಪನಿಯವರು ಕೊಟ್ಟ ಕರಿ ಹಲಗೆಯ ಮೇಲೆ ದಿನಾ ಬೆಳಿಗ್ಗೆ ನಾನು ಬಸ್ಸಿನ ವೇಳೆ ದುಂಡಗೆ ಬರೆಯುತ್ತಿದ್ದೆ. ಒಬ್ಬನೂ ಅದರ ಕಡೆ ತಿರುಗುತ್ತಿರಲಿಲ್ಲ. ಓದು ಬಂದವರೂ ನನ್ನ ಕಿಟಕಿಯ ಮುಂದೆ ನಿಂತುಕೊಂಡೇ, "ದುಗ್ಗಪ್ಪ, ಬಸ್ಸು ಎಷ್ಟೊತ್ತಿಗಾ?" ಎಂದು ಅವನನ್ನು ಕೂಗುತ್ತಿದ್ದರು. ನನ್ನ ಮರ್ಯಾದೆ ಮೂರು ಕಾಸಿಗೆ ಹೋಯಿತು. ಮನೆಯಲ್ಲಿ ಹೇಳಿಕೊಂಡರೆ ಹೆಂಡತಿ ವರದಮ್ಮ, "ನಿಂಗಕ್ಕೆ ಹೊಟ್ಟೆಕಿಚ್ಚು, ಬೇರೆ ಎಂತದೂ ಇಲ್ಲೆ" ಎಂದಳು. ಅಷ್ಟೇ ಅಲ್ಲ, ನನ್ನ ಅಕ್ಕ ಬಂದು ಒಂದು ತಿಂಗಳಾದರೂ ಹೊರಡದಿದ್ದಾಗ ಇವಳು ದುಗ್ಗಪ್ಪನಿಂದ ಹಿತ್ತಲ ಬಾಗಿಲಿಗೆ ತೂಬಿನ ಗೆರೆ ಎಳೆಸಿದಳು. ಮೂರನೇ ದಿನ ಅಕ್ಕ ಹೊರಟಳು. ಹೊರಡದೆ ಏನು, ಮನೆಯಲ್ಲಿ ಕಾಫಿಪುಡಿ ಮುಗಿದಿತ್ತು. ವರದಮ್ಮ ಮಾತ್ರ ಅವನಿಗೆ ಎರಡು ಹಲಸಿನ ಹಪ್ಪಳ ಹೆಚ್ಚಿಗೆ ಕೊಟ್ಟಳು.

ಅವನ ಗುಟ್ಟು ಹಿಡಿಯಲು ನಾನು ಮಾಡದ ಕಸರತ್ತಿಲ್ಲ. ರಸ್ತೆಯ ಕಡೆ ಅವನು ಬೆನ್ನು ಹಾಕಿ ಕೂರುತ್ತಿದ್ದ, ಆದ್ದರಿಂದ ಧೂಳು ನೋಡಿ ಹೇಳುವ ಹಾಗಿರಲಿಲ್ಲ. ಕಿವಿಯೂ ಅಷ್ಟು ಚುರುಕಿರಲಿಲ್ಲ. ಮತ್ತೆ ಹೇಗೆ? ಗೊತ್ತಾಗಲಿಲ್ಲ. ಗೊತ್ತಾಗಲಿಲ್ಲವಲ್ಲ ಎಂಬ ಸಿಟ್ಟು ದಿನಾ ಬೆಳೆಯುತ್ತ ಹೋಯಿತು. ಇವನ ಮುಖಕ್ಕೆ ಮಸಿ ಬಳಿಯುವ ಒಂದು ದಿನ ಬರಲಿ ಎಂದು ಕಾಯುತ್ತಿದ್ದೆ.

ಅರವತ್ತೆರಡನೆಯ ಇಸವಿಯ ಫೆಬ್ರವರಿಯಲ್ಲಿ ಆ ದಿನ ಬಂತು. ಅದರ ಜೊತೆ ಕನ್ನಪ್ಪ ಬಂದ.

ಕನ್ನಪ್ಪ ಶರಾವತಿ ದಂಡೆಯ ಒಕ್ಕಲು. ಲಿಂಗನಮಕ್ಕಿಯಲ್ಲಿ ಅಣೆಕಟ್ಟು ಏಳುತ್ತಿತ್ತು, ಅವನ ಊರು ಮುಳುಗಡೆಯ ಪಟ್ಟಿಯಲ್ಲಿತ್ತು. ಹೆಂಡತಿ ಮಕ್ಕಳನ್ನು ರಿಪ್ಪನ್‌ಪೇಟೆಯ ಹತ್ತಿರದ ಭಾವನ ಮನೆಯಲ್ಲಿ ಬಿಟ್ಟು, ಬದಲಿ ಜಮೀನಿಗಾಗಿ ಎರಡು ವರ್ಷದಿಂದ ಅಲೆಯುತ್ತಿದ್ದ. ಕೊನೆಗೆ ಕಾಗದ ಬಂದಿತ್ತು. ಹನ್ನೊಂದು ಗಂಟೆಗೆ ಸಾಗರದ ಕಚೇರಿಯಲ್ಲಿ ಹೆಸರು ಕೂಗುತ್ತಾರೆ, ಹಾಜರಿದ್ದವರು ಪಟ್ಟಿಯಲ್ಲಿರುವ ಜಾಗಗಳಲ್ಲಿ ತಮಗೆ ಬೇಕಾದ್ದನ್ನು ಹೇಳಬಹುದು. ಇಲ್ಲದವರಿಗೆ ಉಳಿದದ್ದು. ಕನ್ನಪ್ಪನ ಹೆಸರು ಪಟ್ಟಿಯಲ್ಲಿ ಮೇಲೆಯೇ ಇತ್ತು. ಯಾವುದನ್ನು ಕೇಳಬೇಕೆಂದು ಅವನಾಗಲೇ ನಡೆದುಹೋಗಿ ನೋಡಿ ಬಂದಿದ್ದ. "ಪಕ್ಕದಲ್ಲೇ ಹಳ್ಳ ಅದೆ ಏಜೆಂಟ್ರೆ. ಮಣ್ಣು ಮೂಸಿ ನೋಡ್ದೆ. ಎರಡು ಬೆಳೆ ಬತ್ತದೆ. ನನ್ ಹೆಂಡ್ತಿ ಶೇಷಮ್ಮಂಗೂ ತೋರ್ಸಿದೀನಿ. ಅವ್ಳು ಮನೆ ಎಲ್ಲಿ ಕಟ್ಟದು ಅಂತ ಕಲ್ಲಿಟ್ಟೇ ಬಂದಾಳೆ," ಎಂದ. ಆ ಕಾಗದವನ್ನು ಮೂರು ಸಲ ನನ್ನ ಕೈಯಲ್ಲಿ ಓದಿಸಿ, ಮೂರು ಸಲವೂ ಪಂಚೆಯ ಗಂಟಿನಲ್ಲಿ ಕಟ್ಟಿಕೊಂಡ.

ತೀರ್ಥಹಳ್ಳಿಯಿಂದ ಬಂದು ಸಾಗರಕ್ಕೆ ಹೋಗುವ ಎಂಟು ಗಂಟೆಯ ಬಸ್ಸು ಹಿಡಿದರೆ ಹತ್ತಕ್ಕೆಲ್ಲ ಅಲ್ಲಿರಬಹುದು. ಎಂಟಾಯಿತು, ಎಂಟೂವರೆಯಾಯಿತು. ದುಗ್ಗಪ್ಪ ಬೀಜ ಇಟ್ಟು ಕತೆ ಶುರು ಮಾಡಿದ. ನಗರದ ಕೋಟೆಯ ಒಬ್ಬ ಕಾವಲಿನವನ ಕತೆ. "ನಾ ವಾಪಸ್ ಬರೋ ತಂಕ ಈ ಬಾಗ್ಲು ಬಿಟ್ಟು ಅಲ್ಲಾಡ್ಬೇಡ" ಎಂದು ಹೇಳಿ ಅವನ ಯಜಮಾನ ಕುದುರೆ ಹತ್ತಿ ಹೋಗುತ್ತಾನೆ. ಕೂತವರು ಹತ್ತು ಹನ್ನೆರಡು ಜನ. ಕನ್ನಪ್ಪ ಮುಂದಿನ ಸಾಲಿನಲ್ಲಿ ಕುಕ್ಕರುಗಾಲಲ್ಲಿ ಕೂತಿದ್ದ.

ಆಗ ಒಂದು ಅಡಿಕೆ ಲಾರಿ ಬಂದು ನಿಂತಿತು. ಡ್ರೈವರ್ ಇಳಿದು ನೇರ ನನ್ನ ಕಿಟಕಿಗೆ ಬಂದ. "ಮೂರ್ತಿಗಳೆ, ಕೋಣಂದೂರು ದಾಟಿ ನಿಮ್ ಬಸ್ಸು ಬಿದ್ಕಂಡಿದೆ. ಆಕ್ಸಲ್ ತುಂಡು. ಸಂಜೆ ತಂಕ ಏಳಲ್ಲ ಬಿಡಿ. ನಾನು ಸಾಗರಕ್ಕೆ ಹೋಗ್ತಿದೀನಿ, ಅರ್ಜೆಂಟ್ ಇರೋರು ಒಬ್ರು ಇದ್ರೆ ಮುಂದೆ ಜಾಗ ಇದೆ," ಎಂದು ಹೇಳಿ ಎದುರಿನ ಹೋಟೆಲಿಗೆ ಚಹಾ ಕುಡಿಯಲು ಹೋದ.

ನಾನು ಏನು ಮಾಡಬೇಕಿತ್ತು ಎಂದು ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಕಿಟಕಿಯಿಂದ ತಲೆ ಹಾಕಿ, "ಬಸ್ಸಿಲ್ಲ ಕನ್ನಪ್ಪ, ಲಾರಿ ಹತ್ತು" ಎಂದರೆ ಮುಗಿಯುತ್ತಿತ್ತು. ಆದರೆ ನನ್ನ ಕಣ್ಣಿಗೆ ಕಂಡದ್ದು ಕನ್ನಪ್ಪ ಅಲ್ಲ, ಅವನಾಚೆ ಕೆಮ್ಮಣ್ಣು ಹಿಡಿದು ಕೂತ ದುಗ್ಗಪ್ಪ. ಇವತ್ತು ಇವನು ಮುಚ್ಚಳ ಎಳೆಯುತ್ತಾನೆ, ಬಸ್ಸು ಬರುವುದಿಲ್ಲ, ಹತ್ತು ಜನರ ಎದುರು ಇವನ ಬಣ್ಣ ಬಯಲಾಗುತ್ತದೆ. ಮೂರು ವರ್ಷದಿಂದ ಕಾದ ದಿನ. ಬಾಯಿ ಮುಚ್ಚಿಕೊಂಡು ಕೂತೆ.

ಆದರೆ ಕನ್ನಪ್ಪ ಎದ್ದುಬಂದ. ಮುಚ್ಚಳಕ್ಕೆ ಮೊದಲು ಏಳಬಾರದು ಎಂಬ ಶಾಸ್ತ್ರವನ್ನು ಬದಿಗಿಟ್ಟು ಎದ್ದುಬಂದು ನನ್ನ ಕಿಟಕಿಯ ಮುಂದೆ ನಿಂತ. "ಏಜೆಂಟ್ರೆ, ಬಸ್ಸು ಬತ್ತದಾ? ಇಲ್ಲಾಂದ್ರೆ ಆ ಲಾರಿಯವ್ರ ಕಾಲು ಹಿಡ್ದಾದ್ರೂ ಹೋಗ್ತೀನಿ."

ನಾನು ಹೂಂ ಅನ್ನಲಿಲ್ಲ, ಇಲ್ಲ ಅನ್ನಲಿಲ್ಲ. ಸಾಗರದ ಟಿಕೆಟ್ ಒಂದು ಹರಿದು ಕೊಟ್ಟೆ.

ಅವನ ಮುಖ ಅರಳಿತು. ಟಿಕೆಟನ್ನು ಕಣ್ಣಿಗೆ ಒತ್ತಿಕೊಂಡು ಹೋಗಿ ಮೊದಲಿನ ಜಾಗದಲ್ಲೇ ಕೂತ. ಲಾರಿ ಹೋಯಿತು. ದುಗ್ಗಪ್ಪ ಮೂರು ಅಡ್ಡಗೆರೆ ಎಳೆದು ಕಟ್ಟ ಹಾಕಿದ. "ಹೊತ್ತು ನಿಂತ್ಕಂತು, ಯಾರೂ ಗಾಬ್ರಿಯಾಗ್ಬ್ಯಾಡಿ" ಎಂದ. ಕತೆಯನ್ನು ಎಳೆದ ನೋಡಿ, ಬೆಲ್ಲದ ಪಾಕವನ್ನೂ ಯಾರೂ ಹಾಗೆ ಎಳೆಯುವುದಿಲ್ಲ. ಒಂಬತ್ತೂವರೆಗೆ ಕಾವಲಿನವನ ಪೇಟ ಹರಿಯಿತು. ಹತ್ತಕ್ಕೆ ಬಾಗಿಲಲ್ಲೇ ಅವನಿಗೆ ಮದುವೆಯಾಯಿತು. ಹತ್ತೂವರೆಗೆ ಮೊಮ್ಮಕ್ಕಳಾದವು. ದುಗ್ಗಪ್ಪ ನಡುನಡುವೆ ನನ್ನ ಕಡೆ ನೋಡುತ್ತಿದ್ದ. ನೋಡಲಿ ಎಂದು ನಾನು ಕಾಲು ಮೇಲೆ ಕಾಲು ಹಾಕಿ ಪತ್ರಿಕೆ ಓದುತ್ತಿದ್ದೆ. ಒಳಗೊಳಗೇ ಎಂಥ ಖುಷಿ! ಈಗ ನೆನೆದರೆ ನನ್ನ ಮೈ ನನಗೇ ಹೇಸುತ್ತದೆ.

ಹನ್ನೊಂದಾಗುತ್ತ ಬಂತು. ಯಾರೋ ಒಬ್ಬ, "ಎಂತಾ ದುಗ್ಗಪ್ಪ, ಮುಚ್ಚಳ ಮನೇಲಿ ಬಿಟ್ಟು ಬಂದ್ಯಾ?" ಎಂದ. ಎಲ್ಲರೂ ನಕ್ಕರು. ಕನ್ನಪ್ಪ ನಗಲಿಲ್ಲ. "ದುಗ್ಗಪ್ಪ, ಮುಗ್ಸಾ ಮಾರಾಯ. ಎಂತಾದ್ರೂ ಮಾಡಿ ಮುಗ್ಸು. ನನ್ನ ಹೆಸ್ರು ಕೂಗ್ತಾರೆ ಈಗ," ಎಂದು ಅವನ ಕೈ ಹಿಡಿದುಕೊಂಡ. ದುಗ್ಗಪ್ಪ ಎದ್ದು ನಿಂತು ಎರಡೂ ಕಾಲಿನಿಂದ ಗೆರೆಗಳನ್ನೆಲ್ಲ ಒರೆಸಿ ಹಾಕಿ, ಕನ್ನಪ್ಪನ ರಟ್ಟೆ ಹಿಡಿದು ರಸ್ತೆಗೆ ಓಡಿದ. ಬಂದ ಗಾಡಿಗೆಲ್ಲ ಅಡ್ಡ ನಿಂತ. ಹನ್ನೊಂದೂವರೆಗೆ ಒಬ್ಬ ಮರದ ನಾಟಾ ಕಂಟ್ರಾಕ್ಟರನ ಜೀಪು ನಿಂತಿತು, ಇಬ್ಬರೂ ಹತ್ತಿ ಹೋದರು. ಸಾಗರ ಮುಟ್ಟಿದಾಗ ಒಂದು ಗಂಟೆ. ಜವಾನ ಕನ್ನಪ್ಪನ ಹೆಸರನ್ನು ಮೂರು ಸಲ ಕೂಗಿ ಒಂದೂವರೆ ತಾಸಾಗಿತ್ತು. ಹಳ್ಳದ ಪಕ್ಕದ ಜಾಗ ಬೇರೆಯವರಿಗೆ ಹೋಗಿತ್ತು.

ಸಾಹೇಬರು ಕೆಟ್ಟವರೇನಲ್ಲ. ಒಂದು ವಾರದೊಳಗೆ ತಕ್ಕ ಕಾರಣ ತೋರಿಸಿದರೆ ಆ ಆಯ್ಕೆಯನ್ನು ತಡೆಹಿಡಿದು ಮತ್ತೆ ಕೂಗಿಸುತ್ತೇನೆ, ಬಸ್ ಏಜೆಂಟರನ್ನು ಕರೆದುಕೊಂಡು ಬಾ ಎಂದರು. ಹಾಗಾಗಿ ಐದನೇ ದಿನ, ದುಗ್ಗಪ್ಪನೂ ಜೊತೆಗೂಡಿ, ನಾವು ಮೂವರೂ ಸಾಗರಕ್ಕೆ ಹೋದೆವು.

ಕಚೇರಿಯಲ್ಲಿ ಸಾಹೇಬರು ಮೊದಲು ನನ್ನನ್ನು ಕೇಳಿದರು. ಬಸ್ಸು ಕೆಟ್ಟಿತ್ತು ಎಂದೆ. ಬರೆದುಕೊಂಡರು. "ಆ ಹೊತ್ತಿಗೆ ಸಾಗರಕ್ಕೆ ಒಂದು ಲಾರಿ ಬಂದಿತ್ತಂತಲ್ಲ. ಇವರು ಅದರಲ್ಲಿ ಯಾಕೆ ಬರಲಿಲ್ಲ?" ಎಂದರು.

ಕನ್ನಪ್ಪ ನನ್ನ ಮುಖ ನೋಡಿದ. ಅವನು ನನ್ನನ್ನು ತಪ್ಪಿತಸ್ಥ ಎಂದುಕೊಂಡು ನೋಡಿದ್ದಲ್ಲ. ಕಲಿತವರು, ಸರಿಯಾಗಿ ಹೇಳುತ್ತಾರೆ ಎಂದು ನೋಡಿದ್ದು. ಬಸ್ಸಿಲ್ಲ ಎಂದು ಗೊತ್ತಿದ್ದೂ ಟಿಕೆಟ್ ಕೊಟ್ಟೆ ಎಂದರೆ ನನ್ನ ಏಜೆನ್ಸಿ ಅಂದೇ ಹೋಗುತ್ತಿತ್ತು. "ಸ್ವಾಮಿ," ಎಂದೆ, "ಇಲ್ಲೊಬ್ಬ ಗೆರೆ ಎಳೆದು ಹೊತ್ತು ನಿಲ್ಲಿಸುವ ಮಹಾಶಯ ಇದ್ದಾನೆ. ಅವನ ಕತೆ ಮುಗಿಯದೆ ಏಳಬಾರದಂತೆ. ಇವರೆಲ್ಲ ಅದನ್ನು ನಂಬಿ ಕೂತಿದ್ದರು."

ಗುಮಾಸ್ತರೆಲ್ಲ ತಲೆ ಎತ್ತಿದರು. ಸಾಹೇಬರು ದುಗ್ಗಪ್ಪನನ್ನು ನೋಡಿ, "ಏನಯ್ಯಾ, ಹೌದಾ?" ಎಂದರು.

ಅವನು ನನ್ನ ಕಡೆ ಒಂದು ಸಲ ತಿರುಗಿ ನೋಡಿದ. ಆಮೇಲೆ ಹೆಗಲ ಟವೆಲು ತೆಗೆದು ಕಂಕುಳಲ್ಲಿ ಇಟ್ಟುಕೊಂಡು, "ಹೌದು ಸ್ವಾಮಿ. ನಾನೇ ಕಟ್ಟ ಎಳ್ದು ಬಸ್ಸು ನಿಲ್ಸಿದ್ದು. ತಪ್ಪು ನಂದೇ," ಎಂದ.

ಕಚೇರಿ ಗೊಳ್ಳೆಂದು ನಕ್ಕಿತು. ಜವಾನ ಬಾಗಿಲಿಗೆ ಒರಗಿ ನಕ್ಕ. ಸಾಹೇಬರೂ ನಕ್ಕರು, ಆಮೇಲೆ ಗಂಭೀರವಾಗಿ, ಇಂಥ ಮೂಢತನವನ್ನು ತಕ್ಕ ಕಾರಣ ಎಂದು ಒಪ್ಪಲು ಬರುವುದಿಲ್ಲ ಎಂದು ಬರೆದು ಮುಗಿಸಿದರು. ಕನ್ನಪ್ಪನ ಪಾಲಿಗೆ ಪಟ್ಟಿಯಲ್ಲಿ ಕೊನೆಗೆ ಉಳಿದ ಜಾಗ ಬಂತು. ಬರೀ ಕಲ್ಲುಗುಡ್ಡ, ಕುಡಿಯುವ ನೀರಿಗೆ ಒಂದು ಮೈಲಿ.

ತಿರುಗಿ ಬರುವ ಬಸ್ಸಿನಲ್ಲಿ ಕನ್ನಪ್ಪ ಮುಂದೆ ಒಬ್ಬನೇ ಕೂತ. ನಾನೂ ದುಗ್ಗಪ್ಪನೂ ಹಿಂದಿನ ಸೀಟಿನಲ್ಲಿ. ಆನಂದಪುರ ದಾಟುವವರೆಗೂ ನಾನು ಕಿಟಕಿಯ ಹೊರಗೇ ನೋಡುತ್ತಿದ್ದೆ. ಆಮೇಲೆ ತಡೆಯಲಾಗದೆ, "ಅಲ್ಲವೋ ದಡ್ಡ, ಅಲ್ಲಿ ಯಾಕೆ ಒಪ್ಪಿಕೊಂಡೆ? ಅಷ್ಟು ಜನರ ಎದುರು ನಗೆಪಾಟಲಾಗಲು ನಿನಗೆ ನಾಚಿಕೆ ಆಗಲಿಲ್ಲವಾ?" ಎಂದೆ. ಬೈದರೆ ನನ್ನ ಭಾರ ಇಳಿದೀತು ಎಂದುಕೊಂಡಿದ್ದೆ.

"ಲಾರಿ ಡ್ರೈವರು ಮೊನ್ನೆ ಸಿಕ್ಕಿದ್ದ ಏಜೆಂಟ್ರೆ," ಎಂದ ಅವನು. "ನಿಮ್ಗೆ ಎಂತ ಹೇಳಿದ್ದ ಅಂತ ನಂಗೂ ಹೇಳ್ದ."

ನಾನು ಮುಂದೆ ಕೂತ ಕನ್ನಪ್ಪನ ಬೆನ್ನಿನ ಕಡೆ ನೋಡಿದೆ.

"ನನ್ನ ಗೆರೆಯಲ್ಲಿ ಎಂತದೂ ಇಲ್ಲ," ಎಂದ ಮೆಲ್ಲಗೆ. "ನಿಮ್ ಕಿಟ್ಕಿ ಎತ್ರದಲ್ಲಿ ಅದೆ, ದೂರದ ಧೂಳು ನಿಮ್ಗೆ ಮೊದ್ಲು ಕಾಣ್ತದೆ. ನೀವು ಎದ್ದು ಪಂಚೆ ಸರಿ ಮಾಡ್ಕಂಡ್ರೆ ನಾನು ಮುಚ್ಚಳ ಎಳೀತಿದ್ದೆ. ಮೂರು ವರ್ಷ ನಿಮ್ಮನ್ನ ನೋಡೇ ಕತೆ ಹೇಳಿದ್ದು. ಅವತ್ತೂ ನಿಮ್ಮನ್ನೇ ನೋಡ್ತಾ ಇದ್ದೆ. ಕನ್ನಪ್ಪಂಗೆ ಟಿಕೆಟ್ ಹರ್ದು ಕೊಟ್ರಲ್ಲ, ಬಸ್ಸು ಬಂದೇ ಬತ್ತದೆ ಅಂತ ನಾನೂ ನಂಬ್ದೆ."

"ಮತ್ತೆ ಕಚೇರಿಯಲ್ಲಿ ಯಾಕೆ ಬಾಯಿ ಬಿಡಲಿಲ್ಲ?" ಎಂದೆ.

ಅವನು ಎಲೆಗೆ ಸುಣ್ಣ ಹಚ್ಚಿದ. "ನಾ ಹೇಳಿದ್ರೆ ಯಾರು ನಂಬ್ತಿದ್ರು? ನಂಬಿದ್ರೂ ಎಂತ ಆಗ್ತಿತ್ತು ಹೇಳಿ. ಏಜೆಂಟ್ರು ಕೊಟ್ಟ ಟಿಕೆಟ್ಟೇ ಸುಳ್ಳು ಅಂತ ಆದ್ರೆ ನಾಳೆಯಿಂದ ಜನ ಎಂತ ನಂಬ್ಕಂಡು ಊರು ಬಿಟ್ಟು ಹೊರಡ್ಬೇಕು? ನಂದು ಹೆಂಗಿದ್ರೂ ಕತೆ. ಸುಳ್ಳಾದ್ರೆ ಯಾರಿಗೂ ನಷ್ಟ ಇಲ್ಲ."

ಇಂಥ ಮಾತು ಆ ಹೆಬ್ಬೆಟ್ಟಿನ ಹಮಾಲಿಯ ಬಾಯಿಂದ! ನನಗೆ ಸಿಟ್ಟೇ ಬಂತು. ಅವನು ನನಗೆ ಬೈದಿದ್ದರೆ ನಾನೂ ಬೈದು ಮುಗಿಸುತ್ತಿದ್ದೆ. ಆವತ್ತಿನಿಂದ ಸಾಯುವವರೆಗೆ ಏಳು ವರ್ಷ ಅವನು ನಿಲ್ದಾಣದಲ್ಲಿ ಮೂಟೆ ಹೊತ್ತ, ಜ್ವರ ಬಂದು ಒಂದೇ ವಾರದಲ್ಲಿ ಹೋದ. ಅಷ್ಟು ದಿನವೂ ನೆಲದ ಮೇಲೆ ಒಂದು ಗೆರೆ ಎಳೆಯಲಿಲ್ಲ. ಜನ ಬಸ್ಸಿನ ವೇಳೆಯನ್ನು ನನ್ನನ್ನೇ ಕೇಳತೊಡಗಿದರು. ನಾನು ಬಯಸಿದ್ದು ಸಿಕ್ಕಿತು, ಅನುಭವಿಸಿದೆ.

ಅವನ ಕಂಬಕ್ಕೆ ಕುಂಕುಮ ಹಚ್ಚುವವರನ್ನು ಕಂಡರೆ ನಾನು ಉಗಿಯುವುದು ಯಾಕೆ ಎಂದು ವರದಮ್ಮ ಕೇಳುತ್ತಾಳೆ. ಅವಳಿಗೂ ಇದನ್ನೆಲ್ಲ ಹೇಳಿಲ್ಲ, ಇಲ್ಲೇ ಮೊದಲು ಬರೆಯುತ್ತಿದ್ದೇನೆ. ಬರೆಯಲು ಬಾಕಿ ಇರುವುದು ಒಂದೇ, ಅಂದು ಬಸ್ಸು ರಿಪ್ಪನ್‌ಪೇಟೆಯಲ್ಲಿ ನಿಂತಾಗ ಆದದ್ದು.

ಕನ್ನಪ್ಪ ನಮಗಿಂತ ಮೊದಲು ಇಳಿದು ಬಾಗಿಲ ಹತ್ತಿರ ನಿಂತಿದ್ದ. ದುಗ್ಗಪ್ಪ ಇಳಿದ ಕೂಡಲೇ ಅವನ ಕಾಲ ಬುಡಕ್ಕೆ ಕ್ಯಾಕರಿಸಿ ಉಗಿದು, "ಕಟ್ಟ ಹಾಕಿ ಬಸ್ಸು ನಿಲ್ಸಿ ನನ್ನ ಮಕ್ಕಳ ಅನ್ನ ತಿಂದ್ಯಲ್ಲಾ. ನಿನ್ನ ಕೈ ಬಿದ್ದೋಗ್ಲಿ," ಎಂದ. ದುಗ್ಗಪ್ಪ ತಲೆ ತಗ್ಗಿಸಿಕೊಂಡು ಹೋಗಿಬಿಟ್ಟ. ಆಮೇಲೆ ಕನ್ನಪ್ಪ ನನ್ನ ಕಡೆ ತಿರುಗಿದ. ಕಣ್ಣಲ್ಲಿ ನೀರಿತ್ತು. "ನೀವಾದ್ರೂ ಕೆಲ್ಸ ಬಿಟ್ಟು ಸಾಗರದ ತಂಕ ಬಂದ್ರಿ ಏಜೆಂಟ್ರೆ. ನಿಮ್ಮ ಋಣ ಮರೆಯಲ್ಲ," ಎಂದು ಎರಡೂ ಕೈ ಎತ್ತಿ ಮುಗಿದ.

ನಾನೂ ಕೈ ಮುಗಿದೆ.